ವಿಧೇಯತೆಯ ಮುಖಗಳು: ಚೆಕ್ ನಟ ರುಡಾಲ್ಫ್ ಹ್ರುಶಿನ್ಸ್ಕಿ

ವಿಧೇಯತೆ ಒಂದು ಸದ್ಗುಣವೆಂದು ಮನೆಮನೆಯಲ್ಲಿಯೂ ಮಕ್ಕಳಿಗೆ ಕಲಿಸಲಾಗುತ್ತದೆ. ಹಿರಿಯರ ಮಾತು ಮೀರದ ಮಗ, ಯಜಮಾನನ ಅಪ್ಪಣೆಗೆ ಎದುರಾಡದ ಗುಮಾಸ್ತ, ಸಮಿತಿಯ ನಿರ್ಣಯಕ್ಕೆ ತಲೆಬಾಗುವ ಸದಸ್ಯ, ಇವರನ್ನು ಲೋಕ ಮೆಚ್ಚುತ್ತದೆ, ಮೆಚ್ಚತಕ್ಕದ್ದೂ ಹೌದು. ಆದರೆ ಅಪ್ಪಣೆ ಕೊಡುವವನೇ ದಾರಿ ತಪ್ಪಿದಾಗ ವಿಧೇಯನಾದವನ ಪಾಪಪುಣ್ಯಗಳ ಲೆಕ್ಕ ಯಾರ ಖಾತೆಗೆ ಸೇರಬೇಕು? ಮಾಡಿಸಿದವನ ಖಾತೆಗೋ, ಮಾಡಿದವನ ಖಾತೆಗೋ, ಕಂಡೂ ಅನುಮೋದಿಸಿದವನ ಖಾತೆಗೋ? ನೀತಿಶಾಸ್ತ್ರದ ಈ ಹಳೆಯ ಪ್ರಶ್ನೆಯನ್ನು ಇಪ್ಪತ್ತನೆಯ ಶತಮಾನದಲ್ಲಿ ಗ್ರಂಥ ಬರೆದು ಚರ್ಚಿಸಿದವರು ಹಲವರಿದ್ದಾರೆ. ಗ್ರಂಥ ಬರೆಯದೆ, ಕೇವಲ ತಮ್ಮ ಮುಖ ಮತ್ತು ಧ್ವನಿಗಳಿಂದ ಅದನ್ನು ಪರೀಕ್ಷೆಗೆ ಒಡ್ಡಿದವರು ಪ್ರಾಗ್ ನಗರದ ನಟ ರುಡಾಲ್ಫ್ ಹ್ರುಶಿನ್ಸ್ಕಿ.

ಹ್ರುಶಿನ್ಸ್ಕಿ ಅವರ ಜೀವಿತಕಾಲ 1920ರಿಂದ 1994ರವರೆಗಿನದು. ಈ ಅವಧಿಯಲ್ಲಿ ಅವರ ದೇಶವು ಒಂದು ಗಣರಾಜ್ಯವನ್ನು, ಆರು ವರ್ಷಗಳ ನಾಜಿ ಆಕ್ರಮಣವನ್ನು, 1948ರಿಂದ 1989ರವರೆಗೆ ನಲವತ್ತೊಂದು ವರ್ಷಗಳ ಕಮ್ಯುನಿಸ್ಟ್ ಆಳ್ವಿಕೆಯನ್ನು ಮತ್ತು ಅದರ ಪತನವನ್ನು ಕಂಡಿತು. ಒಬ್ಬ ನಟ ಇಷ್ಟು ಪ್ರಭುಗಳ ಕಾಲದಲ್ಲಿ ದುಡಿಯಬೇಕಾಗಿ ಬಂದಾಗ ಅವನ ಪಾತ್ರಗಳನ್ನೂ ನಡತೆಯನ್ನೂ ಬೇರ್ಪಡಿಸಿ ನೋಡುವುದು ಕಷ್ಟ. ಹ್ರುಶಿನ್ಸ್ಕಿ ಅವರ ಮುಖ್ಯ ಚಿತ್ರಗಳನ್ನು ಒಂದರ ಪಕ್ಕ ಒಂದಿಟ್ಟು ನೋಡಿದರೆ ಎಲ್ಲವೂ ಒಂದೇ ವಿಷಯದ ಸುತ್ತ ತಿರುಗುತ್ತಿರುವುದು ತಿಳಿಯುತ್ತದೆ. ಆ ವಿಷಯವೇ ವಿಧೇಯತೆ. ಅವರ ವೃತ್ತಿಜೀವನವನ್ನು ಕದಡಿದ್ದೂ ಅದೇ ಪ್ರಶ್ನೆ.

ಅವರು ಹುಟ್ಟಿದ್ದು 1920ರ ಅಕ್ಟೋಬರ್ 17ರಂದು, ದಕ್ಷಿಣ ಬೊಹೀಮಿಯಾದ ನೋವಾ ವ್ಚೆಲ್ನಿತ್ಸೆ ಎಂಬ ಸಣ್ಣ ಊರಿನಲ್ಲಿ, ಊರೂರು ತಿರುಗುವ ನಾಟಕದವರ ಮನೆತನದಲ್ಲಿ. ರಂಗದ ಮೇಲೆ ನಾಟಕ ನಡೆಯುತ್ತಿದ್ದಾಗಲೇ ತೆರೆಯ ಹಿಂದೆ ಜನಿಸಿದ ಮಗುವೆಂದು ಅವರನ್ನು ಕುರಿತು ಹೇಳುವುದುಂಟು. ತರುಣನಾಗಿ ಅವರು ಪ್ರಾಗ್‌ನಲ್ಲಿ ಇ. ಎಫ್. ಬುರಿಯನ್ ಅವರ ಪ್ರಯೋಗಶೀಲ ನಾಟಕ ಮಂಡಳಿಯಲ್ಲಿ ಕೆಲಸ ಮಾಡಿದರು. 1941ರಲ್ಲಿ ನಾಜಿ ಪೊಲೀಸರು ಆ ಮಂಡಳಿಯನ್ನು ಮುಚ್ಚಿಸಿ ಬುರಿಯನ್ ಅವರನ್ನು ಬಂಧನ ಶಿಬಿರಕ್ಕೆ ಕಳುಹಿಸಿದರು. ರಂಗದ ಮೇಲೆ ಆಡಿದ ಮಾತಿಗೂ ಬೆಲೆ ತೆರಬೇಕಾಗುತ್ತದೆಂಬುದನ್ನು ಹ್ರುಶಿನ್ಸ್ಕಿ ಇಪ್ಪತ್ತೊಂದನೆಯ ವಯಸ್ಸಿಗೇ ಕಣ್ಣಾರೆ ಕಂಡಿದ್ದರು.

ಮುಂದಿನ ಕಥೆ ತಿಳಿಯಬೇಕಾದರೆ ಆ ದೇಶದ ಚಿತ್ರೋದ್ಯಮದ ವ್ಯವಸ್ಥೆಯನ್ನು ಅರಿಯಬೇಕು. ಯುದ್ಧ ಮುಗಿದ ಬಳಿಕ, 1945ರ ಆಗಸ್ಟ್ 11ರ ರಾಷ್ಟ್ರಾಧ್ಯಕ್ಷರ ಶಾಸನದ ಮೂಲಕ ಚೆಕೊಸ್ಲೊವಾಕಿಯದ ಇಡೀ ಚಿತ್ರೋದ್ಯಮ ರಾಷ್ಟ್ರೀಕರಣಗೊಂಡಿತು. ಚಿತ್ರ ತಯಾರಿಕೆ, ಹಂಚಿಕೆ, ಪ್ರದರ್ಶನ ಮೂರೂ ಸರ್ಕಾರದ ಕೈಸೇರಿದವು. 1948ರ ಫೆಬ್ರವರಿಯಲ್ಲಿ ಕಮ್ಯುನಿಸ್ಟ್ ಪಕ್ಷ ಅಧಿಕಾರವನ್ನು ಪೂರ್ಣವಾಗಿ ಹಿಡಿದಾಗ ಸಿದ್ಧವಾದ ಈ ಯಂತ್ರವೂ ಅದರ ವಶವಾಯಿತು. ವ್ಯಾಪಾರ ಬಲ್ಲವರಿಗೆ ಇದರ ಅರ್ಥವನ್ನು ವಿವರಿಸಬೇಕಾಗಿಲ್ಲ. ಮಂಡಿಯಲ್ಲಿ ಹತ್ತು ಮಂದಿ ಖರೀದಿದಾರರಿದ್ದರೆ ಒಬ್ಬನ ಬೆಲೆ ಒಪ್ಪಿಗೆಯಾಗದ ರೈತ ಇನ್ನೊಬ್ಬನ ಅಂಗಡಿಗೆ ಹೋಗಬಹುದು. ಖರೀದಿದಾರ ಒಬ್ಬನೇ ಆದಾಗ ಅವನು ಬೆಲೆಯನ್ನಷ್ಟೇ ಅಲ್ಲ, ಯಾವ ಬೆಳೆ ಬೆಳೆಯಬೇಕೆಂಬುದನ್ನೂ ಮಾರಲು ಬಂದವನು ಹೇಗೆ ಮಾತಾಡಬೇಕೆಂಬುದನ್ನೂ ಗೊತ್ತುಮಾಡುತ್ತಾನೆ. ಪ್ರಾಗ್‌ನ ಬಾರಾಂಡೊವ್ ಸ್ಟುಡಿಯೋ ಅಂಥ ಮಂಡಿಯಾಗಿತ್ತು. ಅದರ ಬಾಗಿಲು ಮುಚ್ಚಿದರೆ ಚಿತ್ರನಟನಿಗೆ ಊರಿನಲ್ಲಿ ಇನ್ನೊಂದು ಬಾಗಿಲು ಇರಲಿಲ್ಲ. ಆದರೆ ಆ ವ್ಯವಸ್ಥೆಗೆ ಇನ್ನೊಂದು ಮುಖವೂ ಇತ್ತೆಂಬುದನ್ನು ಒಪ್ಪಬೇಕು. ಲಾಭದ ಚಿಂತೆಯಿಲ್ಲದ ಸರ್ಕಾರದ ಹಣದಿಂದಲೇ, ಕಟ್ಟು ಸಡಿಲವಾದ ಅರವತ್ತರ ದಶಕದಲ್ಲಿ, ಜಗತ್ತು ಬೆರಗಾಗುವಂಥ ಚಿತ್ರಗಳು ಅಲ್ಲಿ ತಯಾರಾದವು.

ಹ್ರುಶಿನ್ಸ್ಕಿ ಅವರನ್ನು ಮನೆಮಾತಾಗಿಸಿದ ಪಾತ್ರ ಸೈನಿಕ ಶ್ವೆಯ್ಕ್‌ನದು. ಯಾರೊಸ್ಲಾವ್ ಹಾಷೆಕ್ ಅವರ ಪ್ರಸಿದ್ಧ ಕಾದಂಬರಿಯನ್ನು ಆಧರಿಸಿ ಕರೆಲ್ ಸ್ಟೆಕ್ಲಿ 1956 ಮತ್ತು 1957ರಲ್ಲಿ ಎರಡು ಚಿತ್ರಗಳನ್ನು ನಿರ್ದೇಶಿಸಿದರು. ಶ್ವೆಯ್ಕ್ ಮೊದಲನೆಯ ಮಹಾಯುದ್ಧದಲ್ಲಿ ಆಸ್ಟ್ರಿಯಾ ಚಕ್ರವರ್ತಿಯ ಸೈನ್ಯಕ್ಕೆ ಸೇರಿಸಲ್ಪಟ್ಟ ಒಬ್ಬ ಸಾಮಾನ್ಯ ಚೆಕ್ ಮನುಷ್ಯ. ಅವನು ಯಾವ ಆಜ್ಞೆಯನ್ನೂ ಮೀರುವುದಿಲ್ಲ. ಎಲ್ಲವನ್ನೂ ನಗುಮುಖದಿಂದ, ಅಕ್ಷರಶಃ ಪಾಲಿಸುತ್ತಾನೆ. ಹಾಗೆ ಪಾಲಿಸುವುದರಿಂದಲೇ ಆಜ್ಞೆಯ ಮೂರ್ಖತನ ಬಯಲಾಗುತ್ತದೆ. ವಿಮರ್ಶೆಯ ದೃಷ್ಟಿಯಿಂದ ಈ ಚಿತ್ರಗಳಲ್ಲಿ ಕೊರತೆಗಳಿವೆ. ಯೋಸೆಫ್ ಲಾಡಾ ಅವರು ಕಾದಂಬರಿಗೆ ಬರೆದ ಚಿತ್ರಗಳನ್ನು ಕಂಡವರಿಗೆ ಸ್ಟೆಕ್ಲಿ ಆ ಚಿತ್ರಗಳಿಗೆ ಬಣ್ಣದ ಉಡುಪು ತೊಡಿಸಿ ನಿಲ್ಲಿಸಿದಂತೆ ತೋರುತ್ತದೆ. ಹಾಷೆಕ್ ಅವರ ಕಹಿ ಇಲ್ಲಿ ತೆಳುವಾಗಿದೆ. ಅವುಗಳನ್ನು ಉಳಿಸಿರುವುದು ನಟನ ಕಣ್ಣು. ಶ್ವೆಯ್ಕ್ ನಿಜವಾಗಿ ದಡ್ಡನೋ ಅಥವಾ ದಡ್ಡತನವನ್ನು ಕವಚವಾಗಿ ತೊಟ್ಟ ಜಾಣನೋ ಎಂಬುದನ್ನು ಹ್ರುಶಿನ್ಸ್ಕಿ ಕೊನೆಯವರೆಗೂ ಬಿಟ್ಟುಕೊಡುವುದಿಲ್ಲ. ಅಧಿಕಾರಿ ಗದರಿದಾಗ ಆ ದುಂಡುಮುಖ ಕಿಂಚಿತ್ತೂ ಕದಲುವುದಿಲ್ಲ. ಇದು ವಿಧೇಯತೆಯ ಮೊದಲ ಮುಖ: ದುರ್ಬಲನ ಆತ್ಮರಕ್ಷಣೆ.

ಈ ಮುಖ ಚೆಕ್ ಜನರಿಗೆ ಬಹಳ ಪ್ರಿಯವಾಯಿತು. ಪರರ ಆಳ್ವಿಕೆಯಲ್ಲಿ ಬದುಕಿದ ಸಣ್ಣ ಜನಾಂಗವೊಂದು ಶ್ವೆಯ್ಕ್‌ನಲ್ಲಿ ತನ್ನ ಜಾಣ್ಮೆಯನ್ನು ಗುರುತಿಸಿಕೊಂಡಿತು. ಆದರೆ ಆತ್ಮರಕ್ಷಣೆಗೆಂದು ತೊಟ್ಟ ಮುಖವಾಡ ಅಭ್ಯಾಸವಾಗಿ ಮುಖಕ್ಕೇ ಅಂಟಿಕೊಂಡರೆ ಏನಾಗುತ್ತದೆ? ಹೊರಗೆ ಹೌದೆನ್ನುತ್ತ ಒಳಗೆ ನಗುತ್ತಿದ್ದವನ ಒಳಗಿನ ನಗು ಎಂದಾದರೂ ಬತ್ತಿಹೋದರೆ ಉಳಿಯುವುದೇನು? ಈ ಪ್ರಶ್ನೆಗೆ ಹತ್ತು ವರ್ಷಗಳ ನಂತರ ಅದೇ ನಟ ಉತ್ತರ ಕೊಡಬೇಕಾಗಿ ಬಂತು.

1960ರಲ್ಲಿ ಹ್ರುಶಿನ್ಸ್ಕಿ ಪ್ರಾಗ್‌ನ ನ್ಯಾಷನಲ್ ಥಿಯೇಟರ್ ಸೇರಿದರು. ಆ ದಶಕದ ಕೊನೆಯ ಹೊತ್ತಿಗೆ ಅವರ ಕಲೆ ಪರಿಪಕ್ವವಾಗಿತ್ತು. ಭಾರವಾದ ದೇಹ, ಅರೆಮುಚ್ಚಿದ ರೆಪ್ಪೆಗಳು, ಅವಸರವಿಲ್ಲದ ನಡೆ, ತಗ್ಗಿದ ಧ್ವನಿ ಅವರ ಬಂಡವಾಳ. ಒಂದು ಹುಬ್ಬಿನ ಚಲನೆ ಸಾಕಾಗುವಲ್ಲಿ ಅವರು ಕೈ ಎತ್ತುವುದಿಲ್ಲ. ಮೌನ ಸಾಕಾಗುವಲ್ಲಿ ಮಾತನ್ನು ಖರ್ಚು ಮಾಡುವುದಿಲ್ಲ. ಯಿರ್ಝಿ ಮೆನ್ಜೆಲ್ ಅವರ ‘ಚಂಚಲ ಬೇಸಿಗೆ’ ಎಂಬ ಚಿತ್ರದಲ್ಲಿ ನದಿದಂಡೆಯ ಸ್ನಾನಘಟ್ಟದ ಒಡೆಯನಾಗಿ, ಮಳೆಯಲ್ಲಿ ನೆನೆಯುತ್ತ ವಯಸ್ಸಾಗುತ್ತಿರುವ ಗಂಡಸಾಗಿ, ಅವರು ಈ ಮಿತವ್ಯಯದ ಅಭಿನಯವನ್ನು ತೋರಿದರು. ಆ ಚಿತ್ರ 1968ರ ಕಾರ್ಲೊವಿ ವಾರಿ ಚಿತ್ರೋತ್ಸವದಲ್ಲಿ ಮುಖ್ಯ ಬಹುಮಾನ ಪಡೆಯಿತು.

ಅದೇ 1968ರ ಜೂನ್ 27ರಂದು ಲೇಖಕ ಲುಡ್ವಿಕ್ ವಾಟ್ಸುಲಿಕ್ ಬರೆದ ‘ಎರಡು ಸಾವಿರ ಪದಗಳು’ ಎಂಬ ಬಹಿರಂಗ ಪತ್ರ ಪ್ರಾಗ್‌ನ ಪತ್ರಿಕೆಗಳಲ್ಲಿ ಪ್ರಕಟವಾಯಿತು. ಪಕ್ಷದ ಇಪ್ಪತ್ತು ವರ್ಷಗಳ ತಪ್ಪುಗಳನ್ನು ಅದು ಸೌಮ್ಯವಾಗಿ ಆದರೆ ಸ್ಪಷ್ಟವಾಗಿ ಎಣಿಸಿತು. ಸುಧಾರಣೆಯ ಹೊಣೆಯನ್ನು ಮೇಲಿನವರಿಗೆ ಬಿಡದೆ ತಮ್ಮ ಊರು, ತಮ್ಮ ಕಾರ್ಖಾನೆಗಳಲ್ಲಿ ತಾವೇ ಹೊತ್ತುಕೊಳ್ಳಬೇಕೆಂದು ಜನರನ್ನು ಕೇಳಿಕೊಂಡಿತು. ಮೊದಲ ಸಹಿಗಳ ಪಟ್ಟಿಯಲ್ಲಿ ವಿಜ್ಞಾನಿಗಳು, ವೈದ್ಯರು, ಕಾರ್ಮಿಕರು, ರೈತರು ಇದ್ದರು. ಓಟಗಾರ ಎಮಿಲ್ ಝಾಟೊಪೆಕ್, ಜಿಮ್ನಾಸ್ಟಿಕ್ಸ್ ಪಟು ವೆರಾ ಚಾಸ್ಲಾವ್ಸ್ಕಾ, ಹಿರಿಯ ನಟ ಯಾನ್ ವೆರಿಖ್ ಇದ್ದರು. ರುಡಾಲ್ಫ್ ಹ್ರುಶಿನ್ಸ್ಕಿ ಅವರ ಹೆಸರೂ ಇತ್ತು. ಎಂಟು ವಾರ ಕಳೆಯುವಷ್ಟರಲ್ಲಿ, ಆಗಸ್ಟ್ 20ರ ರಾತ್ರಿ, ಸೋವಿಯತ್ ನೇತೃತ್ವದ ಸೇನೆ ಗಡಿ ದಾಟಿ ಒಳಬಂದಿತು.

ಈ ಸಂಧಿಕಾಲದಲ್ಲಿ ತಯಾರಾದ ಚಿತ್ರವೇ ಯುರಾಯ್ ಹೆರ್ಜ್ ಅವರ ‘ಶವದಾಹಕ’. ಲಾಡಿಸ್ಲಾವ್ ಫುಕ್ಸ್ ಅವರ 1967ರ ಕಾದಂಬರಿ ಅದರ ಮೂಲ. ಹೆರ್ಜ್ ಬಾಲ್ಯದಲ್ಲಿ ನಾಜಿಗಳ ರಾವೆನ್ಸ್‌ಬ್ರೂಕ್ ಶಿಬಿರದಿಂದ ಬದುಕಿ ಬಂದವರು. ಚಿತ್ರ 1969ರ ಮಾರ್ಚ್‌ನಲ್ಲಿ ತೆರೆಕಂಡಿತು. ಕಥಾನಾಯಕ ಕೊಪ್ಫರ್ಕಿಂಗಲ್ 1930ರ ದಶಕದ ಕೊನೆಯ ಪ್ರಾಗ್‌ನಲ್ಲಿ ಶವದಹನಾಗಾರದ ನೌಕರ. ಅವನು ಮದ್ಯ ಮುಟ್ಟುವುದಿಲ್ಲ, ಧೂಮಪಾನ ಮಾಡುವುದಿಲ್ಲ. ಹೆಂಡತಿ ಮಕ್ಕಳೊಂದಿಗೆ ಮೃದುವಾಗಿ ಮಾತಾಡುತ್ತಾನೆ. ಹೆಂಡತಿಯನ್ನು ಲಾಕ್ಮೆ ಎಂದು ಕಾವ್ಯಮಯವಾಗಿ ಕರೆಯುತ್ತಾನೆ. ಸಂಗೀತವೆಂದರೆ ಅವನಿಗೆ ಪ್ರಾಣ. ಟಿಬೆಟ್ ಕುರಿತ ಪುಸ್ತಕವೊಂದು ಸದಾ ಅವನ ಕೈಯಲ್ಲಿರುತ್ತದೆ. ದೇಹವನ್ನು ಮಣ್ಣಿನಲ್ಲಿ ಹೂತರೆ ಬಿಡುಗಡೆಗೆ ವರ್ಷಗಟ್ಟಲೆ ಬೇಕು, ಬೆಂಕಿಯಲ್ಲಾದರೆ ಎಪ್ಪತ್ತೈದು ನಿಮಿಷ ಸಾಕು ಎಂಬುದು ಅವನ ನಂಬಿಕೆ. ಸಾವನ್ನು ಅವನು ಕರುಣೆಯೆಂದೇ ಬಣ್ಣಿಸುತ್ತಾನೆ.

ಇಂಥ ಸಂಭಾವಿತನ ಬಳಿಗೆ ಅವನ ಹಳೆಯ ಸೈನ್ಯದ ಗೆಳೆಯನೊಬ್ಬ ಬರುತ್ತಾನೆ. ಈಗ ಅವನು ನಾಜಿ. ನಿನ್ನಲ್ಲಿ ಜರ್ಮನ್ ರಕ್ತ ಹರಿಯುತ್ತಿದೆಯೆಂದು ಗೆಳೆಯ ಹೇಳುತ್ತಾನೆ, ಕೊಪ್ಫರ್ಕಿಂಗಲ್ ಹೌದೆನ್ನುತ್ತಾನೆ. ನಿನ್ನ ಸಹೋದ್ಯೋಗಿಗಳು, ನಿನ್ನ ವೈದ್ಯ, ಇವರು ಯಹೂದಿಗಳೆಂದು ಎಚ್ಚರಿಸುತ್ತಾನೆ; ಅದಕ್ಕೂ ಹೌದೆನ್ನುತ್ತಾನೆ, ಅವರ ಮೇಲೆ ದೂರು ಕೊಡುತ್ತಾನೆ, ದಹನಾಗಾರದ ಮುಖ್ಯಸ್ಥನಾಗುತ್ತಾನೆ. ಕಡೆಗೆ ನಿನ್ನ ಹೆಂಡತಿಯ ತಾಯಿ ಯಹೂದಿ, ನಿನ್ನ ಮಕ್ಕಳಲ್ಲಿಯೂ ಆ ರಕ್ತವಿದೆ ಎಂಬ ಮಾತು ಬರುತ್ತದೆ. ಅವನು ಹೆಂಡತಿಯನ್ನು ಸ್ನಾನದ ಕೋಣೆಯಲ್ಲಿ ನೇಣಿಗೆ ಹಾಕುತ್ತಾನೆ; ಮಗನನ್ನು ಕಬ್ಬಿಣದ ಸಲಾಕೆಯಿಂದ ಹೊಡೆದು ಕೊಲ್ಲುತ್ತಾನೆ; ಮಗಳು ತಪ್ಪಿಸಿಕೊಳ್ಳುತ್ತಾಳೆ. ಇಷ್ಟೆಲ್ಲ ನಡೆದರೂ ಅವನ ಧ್ವನಿ ಒಮ್ಮೆಯೂ ಏರುವುದಿಲ್ಲ.

ಹ್ರುಶಿನ್ಸ್ಕಿ ಅವರ ಸಾಧನೆ ಇರುವುದು ಇಲ್ಲಿಯೇ. ಸಾಧಾರಣ ನಟನಾಗಿದ್ದರೆ ಸಜ್ಜನನೊಬ್ಬ ರಾಕ್ಷಸನಾಗುವ ಕ್ಷಣವನ್ನು ತೋರಿಸಲು ಮುಖ ಬಿಗಿಯುತ್ತಿದ್ದ, ಧ್ವನಿ ಬದಲಿಸುತ್ತಿದ್ದ. ಹ್ರುಶಿನ್ಸ್ಕಿ ಏನನ್ನೂ ಬದಲಿಸುವುದಿಲ್ಲ. ಮೊದಲ ದೃಶ್ಯದಲ್ಲಿ ಮಕ್ಕಳೊಡನೆ ಮೃಗಾಲಯ ನೋಡುವಾಗಿನ ಮೆಲುದನಿಯೇ ಕೊಲೆಯ ಹೊತ್ತಿನಲ್ಲಿಯೂ ಇರುತ್ತದೆ. ಹಾಗಾದರೆ ಪತನ ಆರಂಭವಾದದ್ದು ಎಲ್ಲಿ ಎಂದು ನೋಡುಗ ಹಿಂದಕ್ಕೆ ಹುಡುಕುತ್ತ ಹೋಗುತ್ತಾನೆ, ಗಡಿರೇಖೆ ಸಿಗುವುದಿಲ್ಲ. ಶವಪೆಟ್ಟಿಗೆಯಲ್ಲಿ ಮಲಗಿದ ದೇಹದ ತಲೆಯನ್ನು ಪುಟ್ಟ ಬಾಚಣಿಗೆಯಿಂದ ಬಾಚಿ, ಅದೇ ಬಾಚಣಿಗೆಯಿಂದ ತನ್ನ ಕೂದಲನ್ನೂ ಅವನು ಸವರಿಕೊಳ್ಳುತ್ತಾನೆ. ಒಂದೆರಡು ಕ್ಷಣದ ಕೆಲಸ. ನಟ ಅದಕ್ಕೆ ಯಾವ ಒತ್ತೂ ಕೊಡುವುದಿಲ್ಲ. ಬದುಕಿದವರಿಗೂ ಸತ್ತವರಿಗೂ ಈ ಮನುಷ್ಯನಲ್ಲಿ ಭೇದ ಅಳಿಸಿಹೋಗಿದೆಯೆಂಬುದು ನೋಡುಗನಿಗೆ ತಾನಾಗಿ ತಿಳಿಯುತ್ತದೆ. ಸ್ಟಾನಿಸ್ಲಾವ್ ಮಿಲೋಟಾ ಅವರ ಕ್ಯಾಮೆರಾ ಆ ಮುಖವನ್ನು ತೀರ ಹತ್ತಿರದಿಂದ, ಅಂಚುಗಳು ಬಾಗುವಂಥ ಮಸೂರದಲ್ಲಿ ಹಿಡಿಯುತ್ತದೆ. ಒಂದು ಕೋಣೆಯಲ್ಲಿ ಆರಂಭವಾದ ವಾಕ್ಯ ಮುಗಿಯುವಷ್ಟರಲ್ಲಿ ದೃಶ್ಯ ಮತ್ತೊಂದು ಸ್ಥಳಕ್ಕೆ ಸರಿದಿರುತ್ತದೆ. ಜಾಗ ಬದಲಾಗಿದೆ, ಕೇಳುವವರು ಬದಲಾಗಿದ್ದಾರೆ, ಮಾತು ಮಾತ್ರ ಹಾಗೆಯೇ ಹರಿಯುತ್ತಿದೆ. ಹೆಂಡತಿಯ ಅಂತ್ಯಕ್ರಿಯೆಯಲ್ಲಿ ಅವನು ಆಡುವ ಚರಮನುಡಿ ತಡೆಯಿಲ್ಲದೆ ಹೊಸ ಪ್ರಭುತ್ವದ ಸ್ತುತಿಯಾಗಿಬಿಡುವುದು ಇದರ ಪರಾಕಾಷ್ಠೆ.

ಅಹಿಂಸೆ, ದಯೆ, ಸಂಯಮ ಮುಂತಾದ ಪದಗಳನ್ನು ದಿನನಿತ್ಯ ಬಳಸುವ ಮನೆಗಳಲ್ಲಿ ಈ ಚಿತ್ರ ವಿಶೇಷವಾದ ಕಳವಳ ಹುಟ್ಟಿಸುತ್ತದೆ. ಕೊಪ್ಫರ್ಕಿಂಗಲ್‌ನಲ್ಲಿ ದುಶ್ಚಟಗಳಿಲ್ಲ, ಒರಟುತನವಿಲ್ಲ, ಕೋಪವೂ ಇಲ್ಲ. ಅವನ ಬಾಯಲ್ಲಿ ಇರುವುದು ಆತ್ಮದ ಬಿಡುಗಡೆಯ ಮಾತು, ನೋವು ನೀಗಿಸುವ ಮಾತು. ಪದಗಳು ಪವಿತ್ರವಾಗಿಯೇ ಇವೆ. ಅವುಗಳ ಹಿಂದೆ ಇರಬೇಕಾದ ವಿವೇಕ ಮಾತ್ರ ಇಲ್ಲ. ಇನ್ನೊಂದು ಜೀವದ ಸ್ಥಾನದಲ್ಲಿ ನಿಂತು ನೋಡುವ ಶಕ್ತಿಯಿಲ್ಲದ ಕರುಣೆ ತನ್ನನ್ನು ತಾನೇ ಮೆಚ್ಚಿಕೊಳ್ಳುವ ಅಲಂಕಾರವಾಗುತ್ತದೆ. ಅಂಥ ಅಲಂಕಾರವನ್ನು ಅಧಿಕಾರಸ್ಥನಾದವನು ತನಗೆ ಬೇಕಾದ ಕಡೆಗೆ ಸುಲಭವಾಗಿ ತಿರುಗಿಸಬಲ್ಲ. ಇದು ವಿಧೇಯತೆಯ ಎರಡನೆಯ ಮುಖ, ಅತ್ಯಂತ ಭಯಾನಕವಾದದ್ದು. ಶ್ವೆಯ್ಕ್ ಆಜ್ಞೆಯನ್ನು ನಂಬದೆ ಪಾಲಿಸಿದ. ಕೊಪ್ಫರ್ಕಿಂಗಲ್ ನಂಬಿ ಪಾಲಿಸುತ್ತಾನೆ. ಇಬ್ಬರಿಗೂ ಮುಖ ಕೊಟ್ಟವರು ಒಬ್ಬರೇ ಎಂಬುದನ್ನು ಚೆಕ್ ಪ್ರೇಕ್ಷಕ ಮರೆಯಲಾರ.

ವಿಧೇಯತೆಯ ಮೂರನೆಯ ಮುಖ ಅದೇ 1969ರಲ್ಲಿ ಸಿದ್ಧವಾಯಿತು. ಬೊಹುಮಿಲ್ ಹ್ರಾಬಲ್ ಅವರ ಕಥೆಗಳನ್ನು ಆಧರಿಸಿ ಮೆನ್ಜೆಲ್ ನಿರ್ದೇಶಿಸಿದ ‘ದಾರಕ್ಕೆ ಕಟ್ಟಿದ ಬಾನಾಡಿಗಳು’ 1950ರ ದಶಕದ ಆರಂಭದ ಕ್ಲಾದ್ನೊ ಪಟ್ಟಣದ ಗುಜರಿ ಅಂಗಳದಲ್ಲಿ ನಡೆಯುತ್ತದೆ. ಪುಸ್ತಕಗಳನ್ನು ನಾಶಮಾಡಲು ಒಪ್ಪದ ಗ್ರಂಥಪಾಲಕ, ಸ್ಯಾಕ್ಸೊಫೋನ್ ನುಡಿಸುತ್ತಿದ್ದವನು, ಶನಿವಾರ ಕೆಲಸ ಮಾಡಲು ತನ್ನ ಧರ್ಮ ಬಿಡುವುದಿಲ್ಲವೆಂದ ಅಡಿಗೆಯವನು ಮುಂತಾದವರನ್ನು ವರ್ಗಶತ್ರುಗಳೆಂದು ಕರೆದು ಹಳೆಯ ಕಬ್ಬಿಣ ಹೊರಲು ಅಲ್ಲಿ ಹಚ್ಚಲಾಗಿದೆ. ಅವರ ಮೇಲ್ವಿಚಾರಕನ ಪಾತ್ರ ಹ್ರುಶಿನ್ಸ್ಕಿ ಅವರದು. ಇಲ್ಲಿ ಅವರು ಆಜ್ಞೆ ಪಾಲಿಸುವವನಲ್ಲ, ಮೇಲಿನವರ ಆಜ್ಞೆಯನ್ನು ಕೆಳಕ್ಕೆ ದಾಟಿಸುವವನು. ಮಾತು ಸಲಿಗೆಯದು, ನಗೆ ಸ್ನೇಹದ್ದು. ಆದರೆ ಪ್ರಶ್ನೆ ಕೇಳಿದವರು ಒಬ್ಬೊಬ್ಬರಾಗಿ ಅಂಗಳದಿಂದ ಕಾಣೆಯಾಗುತ್ತಾರೆ. ಈ ಸಣ್ಣ ಅಧಿಕಾರಿಯನ್ನು ನಟ ದ್ವೇಷದಿಂದ ಚಿತ್ರಿಸಿಲ್ಲ, ಅವನಿಗೆ ವಿನಾಯಿತಿಯನ್ನೂ ಕೊಟ್ಟಿಲ್ಲ.

ಆ ಹೊತ್ತಿಗೆ ಕಾಲ ತಿರುಗಿತ್ತು. 1969ರ ಏಪ್ರಿಲ್‌ನಲ್ಲಿ ಗುಸ್ತಾವ್ ಹುಸಾಕ್ ಪಕ್ಷದ ನಾಯಕತ್ವ ವಹಿಸಿದರು. ‘ಯಥಾಸ್ಥಿತಿಗೆ ತರುವುದು’ ಎಂಬ ಹೆಸರಿನಲ್ಲಿ ಇಡೀ ದೇಶದ ಶೋಧನೆ ಆರಂಭವಾಯಿತು. ಮೆನ್ಜೆಲ್ ಅವರ ಚಿತ್ರ ತೆರೆಗೇ ಬರಲಿಲ್ಲ. ‘ಶವದಾಹಕ’ ತೆರೆಯಿಂದ ಇಳಿಯಿತು. ಎರಡೂ ಉಗ್ರಾಣ ಸೇರಿದವು. 1972ರಲ್ಲಿ ಸ್ಪೇನಿನ ಸಿಟ್ಜೆಸ್ ಚಿತ್ರೋತ್ಸವ ಕೊಪ್ಫರ್ಕಿಂಗಲ್ ಪಾತ್ರಕ್ಕಾಗಿ ಹ್ರುಶಿನ್ಸ್ಕಿ ಅವರಿಗೆ ಶ್ರೇಷ್ಠ ನಟ ಪ್ರಶಸ್ತಿ ನೀಡಿದಾಗ ಅವರದೇ ಊರಿನಲ್ಲಿ ಆ ಚಿತ್ರ ನೋಡುವಂತಿರಲಿಲ್ಲ, ಅವರು ಹೊಸ ಚಿತ್ರದಲ್ಲಿ ನಟಿಸುವಂತೆಯೂ ಇರಲಿಲ್ಲ. 1968ರ ಸಹಿಯ ಫಲವಾಗಿ ಎಪ್ಪತ್ತರ ದಶಕದ ಆರಂಭದಲ್ಲಿ ಹಲವು ವರ್ಷ ಚಲನಚಿತ್ರ ಮತ್ತು ದೂರದರ್ಶನದಿಂದ ಅವರನ್ನು ಹೊರಗಿಡಲಾಯಿತು. ಸೆರೆಮನೆಯಿಲ್ಲ, ವಿಚಾರಣೆಯಿಲ್ಲ, ರಂಗಭೂಮಿಯ ಕೆಲಸವೂ ಉಳಿಯಿತು. ಮುಚ್ಚಿದ್ದು ಲಕ್ಷಾಂತರ ಜನರನ್ನು ತಲುಪುವ ಬಾಗಿಲು ಮಾತ್ರ. ಚಿತ್ರನಟನೊಬ್ಬನಿಗೆ ಐವತ್ತರ ಆಸುಪಾಸು ಫಸಲಿನ ಕಾಲ. ಆ ಹೊಲ ಹಾಳುಬಿದ್ದಿತು. ಅದೇ ಪತ್ರಕ್ಕೆ ಸಹಿ ಹಾಕಿದ್ದ ಝಾಟೊಪೆಕ್ ಸೈನ್ಯದ ಹುದ್ದೆ ಕಳೆದುಕೊಂಡು ಭೂಶೋಧನೆಯ ತಂಡದಲ್ಲಿ ಕೂಲಿಯ ಕೆಲಸಕ್ಕೆ ಹೋಗಬೇಕಾಯಿತು.

ದೇಶ ಬಿಟ್ಟು ಹೋಗಬಹುದಿತ್ತಲ್ಲವೇ ಎಂದು ಕೇಳಬಹುದು. ನಿರ್ದೇಶಕ ಮಿಲೋಶ್ ಫೋರ್ಮನ್ ಅಮೆರಿಕಕ್ಕೆ ಹೋಗಿ ಜಗತ್ಪ್ರಸಿದ್ಧರಾದರು. ಆದರೆ ನಿರ್ದೇಶಕನ ಬಂಡವಾಳ ಕಣ್ಣು, ಅದನ್ನು ಯಾವ ದೇಶದಲ್ಲಿಯೂ ಹೂಡಬಹುದು. ನಟನ ಬಂಡವಾಳದಲ್ಲಿ ಅರ್ಧಕ್ಕಿಂತ ಹೆಚ್ಚು ಭಾಗ ತಾಯ್ನುಡಿಯಲ್ಲಿದೆ. ಅದು ಗಡಿಯ ಆಚೆ ಚಲಾವಣೆಯಾಗದ ನಾಣ್ಯ. ಮೆಲುದನಿಯ ಒಂದು ಚೆಕ್ ವಾಕ್ಯದಲ್ಲಿ ಹ್ರುಶಿನ್ಸ್ಕಿ ತುಂಬಬಲ್ಲ ಅರ್ಥವನ್ನು ಪರಭಾಷೆಯಲ್ಲಿ ಕಟ್ಟಲು ಇನ್ನೊಂದು ಜನ್ಮ ಬೇಕಾಗುತ್ತಿತ್ತು.

ಉಳಿದ ಇನ್ನೊಂದು ದಾರಿಯನ್ನು ‘ಶವದಾಹಕ’ ಚಿತ್ರದಲ್ಲಿ ಅವರ ಪತ್ನಿಯಾಗಿ ನಟಿಸಿದ ವ್ಲಾಸ್ತಾ ಖ್ರಾಮೊಸ್ತೊವಾ ಹಿಡಿದರು. ಛಾಯಾಗ್ರಾಹಕ ಮಿಲೋಟಾ ಅವರ ಪತಿ. ಅವರು ಸೇರಿದ್ದ ನಾಟಕ ಮಂಡಳಿಯನ್ನು 1972ರಲ್ಲಿ ಮುಚ್ಚಲಾಯಿತು. ಕ್ರಮೇಣ ಅವರಿಗೆ ಯಾವ ರಂಗವೂ ಸಿಗದಂತಾಯಿತು. 1976ರಲ್ಲಿ ಅವರು ತಮ್ಮ ಮನೆಯ ಹಜಾರದಲ್ಲಿಯೇ ನಾಟಕ ಆರಂಭಿಸಿದರು. ಕವಿ ಸೈಫರ್ಟ್ ಅವರ ನೆನಪುಗಳ ವಾಚನ ನಡೆಯಿತು. ಕೆಲವೇ ಜನರ ತಂಡದಿಂದ ಷೇಕ್ಸ್‌ಪಿಯರನ ಮ್ಯಾಕ್‌ಬೆತ್ ನಡೆಯಿತು. ನಾಟಕಕಾರ ಟಾಮ್ ಸ್ಟೊಪಾರ್ಡ್ ಅವರ 1979ರ ಕೃತಿಯೊಂದಕ್ಕೆ ಇದೇ ಪ್ರೇರಣೆ. 1977ರಲ್ಲಿ ಮಾನವ ಹಕ್ಕುಗಳ ಪರವಾದ ‘ಚಾರ್ಟರ್ 77’ ಮನವಿಗೆ ಅವರು ಸಹಿ ಹಾಕಿದರು. ಆ ವರ್ಷ ಜನವರಿ 28ರಂದು ಕಲಾವಿದರನ್ನು ಸಭೆ ಸೇರಿಸಿ ಚಾರ್ಟರ್ವಿರುದ್ಧ ಘೋಷಣೆ ಓದಿಸಿದ್ದು ಹ್ರುಶಿನ್ಸ್ಕಿ ಅವರು ನಟರಾಗಿದ್ದ ನ್ಯಾಷನಲ್ ಥಿಯೇಟರ್‌ನಲ್ಲಿಯೇ. ಚಿತ್ರದಲ್ಲಿ ಒಂದೇ ಮೇಜಿನ ಸುತ್ತ ಕುಳಿತ ಗಂಡಹೆಂಡಿರ ಪಾತ್ರಧಾರಿಗಳು ನಿಜಜೀವನದಲ್ಲಿ ಗೋಡೆಯ ಎರಡು ಬದಿಗಳಲ್ಲಿ ಉಳಿದರು. ಹ್ರುಶಿನ್ಸ್ಕಿ ಚಾರ್ಟರ್‌ಗೆ ಸಹಿ ಹಾಕಿದವರಲ್ಲ.

ಎಪ್ಪತ್ತರ ದಶಕದ ಉತ್ತರಾರ್ಧದಲ್ಲಿ ಸ್ಟುಡಿಯೋದ ಬಾಗಿಲು ಮತ್ತೆ ತೆರೆಯಿತು. 1977ರ ‘ಅದೇಲಾ ಇನ್ನೂ ಉಂಡಿಲ್ಲ’ ಎಂಬ ವಿನೋದಚಿತ್ರದಲ್ಲಿ ಅವರು ಭೋಜನಪ್ರಿಯ ಪೊಲೀಸ್ ಅಧಿಕಾರಿ. 1978ರ ‘ಚೆಂಡುಮಿಂಚು’ ಎಂಬ ಹಾಸ್ಯಚಿತ್ರದಲ್ಲಿ ಹನ್ನೆರಡು ಸಂಸಾರಗಳು ಒಂದೇ ದಿನ ಮನೆ ಬದಲಿಸುವ ಏರ್ಪಾಟಿನ ಸೂತ್ರಧಾರ ವಕೀಲ. ಪ್ರೇಕ್ಷಕರು ನಕ್ಕು ಸಂತೋಷಪಟ್ಟರು, ಇಂದಿಗೂ ಪಡುತ್ತಾರೆ. ಆದರೆ ಕೊಪ್ಫರ್ಕಿಂಗಲ್‌ನನ್ನು ಕಂಡ ವಿಮರ್ಶಕ ಇವುಗಳನ್ನು ಪೂರ್ಣ ತೃಪ್ತಿಯಿಂದ ನೋಡಲಾರ. ರತ್ನ ತೂಗುವ ತಕ್ಕಡಿಯಲ್ಲಿ ಕಡಲೆ ತೂಗಿದಂತೆ ಕಾಣುತ್ತದೆ. ತೂಕ ಸರಿಯಾಗಿಯೇ ಇದೆ, ತಕ್ಕಡಿ ಮಾತ್ರ ಅದಕ್ಕಾಗಿ ಮಾಡಿದ್ದಲ್ಲ. ಪ್ರಭುತ್ವ ಅವರಿಂದ ಕಿತ್ತುಕೊಂಡದ್ದು ಕೆಲವು ವರ್ಷಗಳನ್ನು ಮಾತ್ರವಲ್ಲ, ಆ ವರ್ಷಗಳ ನಂತರ ಬರಬಹುದಾಗಿದ್ದ ಗಂಭೀರ ಪಾತ್ರಗಳನ್ನು ಕೂಡ.

ಇದಕ್ಕೆ ಅಪವಾದ 1985ರಲ್ಲಿ ಬಂದ ಮೆನ್ಜೆಲ್ ಅವರ ‘ನನ್ನ ಮುದ್ದಿನ ಹಳ್ಳಿ’. ಹ್ರುಶಿನ್ಸ್ಕಿ ಇಲ್ಲಿ ಹಳ್ಳಿಯ ವೈದ್ಯ ಸ್ಕ್ರುಝ್ನಿ. ಕಾರು ನಡೆಸುವಾಗ ಸುತ್ತಲಿನ ಹೊಲ ಗುಡ್ಡಗಳ ಚೆಲುವಿಗೆ ಮನಸೋತು ಮೈಮರೆತು ರಸ್ತೆ ಬಿಟ್ಟು ಕಾರನ್ನು ಗುದ್ದುವುದು ಅವನ ವಾಡಿಕೆ. ಊರವರು ಬೈಯದೆ ಬಂದು ಕಾರನ್ನು ಎತ್ತಿ ನಿಲ್ಲಿಸುತ್ತಾರೆ. ಕೆಲಸದಲ್ಲಿ ನಿಷ್ಠುರ, ಮನಸ್ಸಿನಲ್ಲಿ ಕವಿ. ಈ ವೈದ್ಯ ಯಾರಿಗೂ ಎದುರು ನಿಲ್ಲುವುದಿಲ್ಲ, ಯಾರಿಗೂ ಬಾಗುವುದೂ ಇಲ್ಲ. ಅವನ ಕಣ್ಣು ಎಲ್ಲಿ ನೋಡಬೇಕೆಂದು ಹೇಳುವ ಶಕ್ತಿ ಯಾವ ಅಧಿಕಾರಕ್ಕೂ ಇಲ್ಲ. ಹೊರಗಿನ ನಿಯಮಗಳನ್ನು ಒಪ್ಪಿಕೊಂಡೂ ಒಳಗೊಂದು ಅಂಗೈಯಗಲದ ಜಾಗವನ್ನು ಯಾರಿಗೂ ಬಿಟ್ಟುಕೊಡದಿರುವ ಈ ಮುಖ ನಾಲ್ಕನೆಯದು. ಚಿತ್ರ ಆಸ್ಕರ್ ಪ್ರಶಸ್ತಿಗೆ ನಾಮಕರಣಗೊಂಡಿತು.

ಇನ್ನು ಲೆಕ್ಕದ ಮಾತು. 1988ರಲ್ಲಿ ಸರ್ಕಾರ ಹ್ರುಶಿನ್ಸ್ಕಿ ಅವರಿಗೆ ‘ರಾಷ್ಟ್ರೀಯ ಕಲಾವಿದ’ ಎಂಬ ಬಿರುದು ಕೊಟ್ಟಿತು. ಅವರನ್ನು ತೆರೆಯಿಂದ ಹೊರಗಿಟ್ಟ ಕೈಯೇ ಈ ಬಿರುದನ್ನೂ ಕೊಟ್ಟಿತು, ಅವರು ತೆಗೆದುಕೊಂಡರು. ಖ್ರಾಮೊಸ್ತೊವಾ ಅವರ ಪಕ್ಕದಲ್ಲಿಟ್ಟು ನೋಡಿದರೆ ಹ್ರುಶಿನ್ಸ್ಕಿ ಅವರ ಜೀವನ ರಾಜಿಯ ಜೀವನವೆಂದು ಕೆಲವರಿಗೆ ತೋರಬಹುದು. ಆ ಮಾತಿನಲ್ಲಿ ಸತ್ಯವಿಲ್ಲವೆಂದು ಹೇಳುವಂತಿಲ್ಲ. ಕಿರ್ದಿ ಬರೆಯುವವನು ಜಮೆಯನ್ನು ಮಾತ್ರ ಬರೆದು ಖರ್ಚನ್ನು ಬಿಟ್ಟರೆ ಅದು ಲೆಕ್ಕವಲ್ಲ. ಆದರೆ ಖರ್ಚನ್ನು ಮಾತ್ರ ಬರೆಯುವುದೂ ಲೆಕ್ಕವಲ್ಲ. ಜಮೆಯ ಪುಟದಲ್ಲಿ ಒಂದು ಸಹಿಯಿದೆ, ಅದಕ್ಕೆ ತೆತ್ತ ವರ್ಷಗಳಿವೆ. ಅದಕ್ಕಿಂತ ದೊಡ್ಡ ಮೊತ್ತವಾಗಿ ಕೊಪ್ಫರ್ಕಿಂಗಲ್ ಇದ್ದಾನೆ. ಸುತ್ತಲೂ ಹೌದೆನ್ನುವವರ ಸಂಖ್ಯೆ ಬೆಳೆಯಲು ತೊಡಗಿದ ವರ್ಷದಲ್ಲಿಯೇ ಹೌದೆನ್ನುವ ಧ್ವನಿಯ ಇಂಪನ್ನೂ ವಿಷವನ್ನೂ ಒಟ್ಟಿಗೆ ಕೇಳಿಸಿದ್ದು ಸಣ್ಣ ಸೇವೆಯಲ್ಲ. ವೀರರ ಸಾಲಿನಲ್ಲಿ ಖ್ರಾಮೊಸ್ತೊವಾ ಅವರಿಗೆ ಮೊದಲ ಮಣೆ ಸಲ್ಲಬೇಕು. ವೀರರಲ್ಲದವರಿಗೂ ಧರ್ಮವೊಂದಿದೆಯೆಂಬುದಕ್ಕೆ ಹ್ರುಶಿನ್ಸ್ಕಿ ಸಾಕ್ಷಿ.

1989ರ ನವೆಂಬರ್‌ನಲ್ಲಿ ಆ ಆಳ್ವಿಕೆ ಕುಸಿಯಿತು. ಉಗ್ರಾಣದ ಬಾಗಿಲು ತೆರೆದು ಚಿತ್ರಗಳು ಹೊರಬಂದವು. 1990ರ ಬರ್ಲಿನ್ ಚಿತ್ರೋತ್ಸವದಲ್ಲಿ, ಇಪ್ಪತ್ತೊಂದು ವರ್ಷ ಹಿಂದೆ ತಯಾರಾದ ‘ದಾರಕ್ಕೆ ಕಟ್ಟಿದ ಬಾನಾಡಿಗಳು’ ಸ್ವರ್ಣ ಕರಡಿ ಪ್ರಶಸ್ತಿಯನ್ನು ಇನ್ನೊಂದು ಚಿತ್ರದೊಡನೆ ಹಂಚಿಕೊಂಡಿತು. ಅದೇ ವರ್ಷದ ಮುಕ್ತ ಚುನಾವಣೆಯಲ್ಲಿ ಹ್ರುಶಿನ್ಸ್ಕಿ ‘ನಾಗರಿಕ ವೇದಿಕೆ’ಯ ಅಭ್ಯರ್ಥಿಯಾಗಿ ದೇಶದ ಸಂಸತ್ತಿಗೆ ಆಯ್ಕೆಯಾದರು. 1994ರ ಏಪ್ರಿಲ್ 13ರಂದು ಪ್ರಾಗ್‌ನಲ್ಲಿ ನಿಧನರಾದರು.

ಪಾಪದ ಮುಖ ಕ್ರೂರವಾಗಿರುತ್ತದೆ, ಅದನ್ನು ಕಂಡೊಡನೆ ಗುರುತಿಸಬಹುದು ಎಂಬ ನಂಬಿಕೆ ಎಲ್ಲ ಸಮಾಜಗಳಲ್ಲಿಯೂ ಇದೆ. ಹ್ರುಶಿನ್ಸ್ಕಿ ಅವರ ಅಭಿನಯ ಆ ನಂಬಿಕೆಯನ್ನು ಸುಳ್ಳುಮಾಡಿತು. ಅದರ ಮುಖ ಸೌಮ್ಯವಾಗಿರಬಹುದು, ಮಾತು ಧರ್ಮದ್ದಾಗಿರಬಹುದು, ನಡತೆ ನಿಯಮಬದ್ಧವಾಗಿರಬಹುದು. ಅದನ್ನು ಪತ್ತೆಹಚ್ಚಲು ಒಂದೇ ಪರೀಕ್ಷೆಯಿದೆ: ಆ ಮನುಷ್ಯ ಎಂದಾದರೂ, ಯಾರಿಗಾದರೂ, ತನಗೆ ನಷ್ಟವಾಗುವಲ್ಲಿ, ಇಲ್ಲವೆಂದು ಹೇಳಿದ್ದಾನೆಯೇ? ಕೊಪ್ಫರ್ಕಿಂಗಲ್ ಒಮ್ಮೆಯೂ ಹೇಳಲಿಲ್ಲ. ಅವನ ಪಾತ್ರಧಾರಿ ಒಮ್ಮೆ ಹೇಳಿದರು, ಅದರ ಸಾಲವನ್ನು ವರ್ಷಗಟ್ಟಲೆ ತೀರಿಸಿದರು. ಮುಂದೆ ಬಂದ ಕಾಗದಕ್ಕೆ ಸಹಿ ಹಾಕುವ ಪ್ರಸಂಗ ಮನೆಯಲ್ಲಿ, ಅಂಗಡಿಯಲ್ಲಿ, ಸಂಸ್ಥೆಯಲ್ಲಿ ಎಲ್ಲರಿಗೂ ಬರುತ್ತದೆ. ಆಗ ಆ ಎರಡು ಮುಖಗಳು ನೆನಪಾದರೆ ಈ ನಟನ ಶ್ರಮ ಸಾರ್ಥಕ.